ಕೂಗು ನುಂಗಿದ ಕಲ್ಲು

ಬಾಬು, ನಿನ್ನ ಭಾವ ಐತಪ್ಪ ಸತ್ತ ದಿನ ಸುರಂಗದ ಬಾಯಿಯಲ್ಲಿ ಕೂತಿದ್ದವಳು ನಾನು. ನೀನೇ ನನ್ನನ್ನು ಕೂರಿಸಿ ಹೋಗಿದ್ದೆ. 'ನನಗೆ ಯಾರೂ ಹೇಳಲಿಲ್ಲ' ಎಂದು ನಾಲ್ಕು ಜನರ ಮುಂದೆ ನಾನು ಹೇಳಿದ್ದು ಹಸಿಸುಳ್ಳು.

ಅಂದು ನಿನ್ನ ಅಕ್ಕ ಸುಂದರಿಯ ಮಗಳು ಕಮಲ ತೊಟ್ಟಿಲಲ್ಲಿದ್ದಳು. ಈಗ ಅವಳಿಗೆ ಮದುವೆ. ಅಷ್ಟು ಕಾಲ ನಾನು ಈ ಮಾತನ್ನು ಬಾಯೊಳಗೇ ಇಟ್ಟುಕೊಂಡು ಉಂಡಿದ್ದೇನೆ, ಮಲಗಿದ್ದೇನೆ, ನಕ್ಕಿದ್ದೇನೆ ಕೂಡ. ನಿನಗೆ ಗೊತ್ತಿರುವುದನ್ನೂ ಸೇರಿಸಿ ಎಲ್ಲ ಹೇಳುತ್ತೇನೆ — ಬಿಟ್ಟುಬಿಟ್ಟು ಹೇಳಲು ಹೊರಟರೆ ಮತ್ತೆ ಎಲ್ಲಾದರೂ ನುಣುಚಿಕೊಳ್ಳುತ್ತೇನೆ, ನನ್ನ ಬುದ್ಧಿ ನನಗೆ ಗೊತ್ತು.

ಆಗ ನಾನು ಸುಳ್ಯದ ಕಡೆಯಿಂದ ಕೆದಂಬಾಡಿಗೆ ಮದುವೆಯಾಗಿ ಬಂದ ಹೊಸತು. ಗಂಡ ಪುತ್ತೂರಿನ ಅಂಗಡಿಯಲ್ಲಿ, ವಾರಕ್ಕೊಮ್ಮೆ ಮನೆಗೆ. ಅತ್ತೆ ಮಾತಾಡಿದರೆ ಅದು ಕೆಲಸ ಹೇಳುವುದಕ್ಕೆ. ನೀರಿಗಾಗಿ ಮಾವ ಮನೆಯ ಹಿಂದಿನ ಗುಡ್ಡೆಗೆ ಸುರಂಗ ಕೊರೆಸುತ್ತಿದ್ದರು. ಐತಪ್ಪ ಒಳಗೆ ಕೊರೆಯುವವನು, ನೀನು ಬಾಯಿಯಲ್ಲಿ ಕೂರುವವನು. ಒಳಗಿನಿಂದ ಆಗಾಗ 'ಓ' ಎಂದು ಕರೆ ಬರುತ್ತಿತ್ತು, ನೀನು 'ಓ' ಎನ್ನುತ್ತಿದ್ದೆ. ಬಾಯಿಯಲ್ಲಿ ಜನ ಇಲ್ಲದೆ ಯಾರೂ ಸುರಂಗಕ್ಕೆ ಇಳಿಯುವುದಿಲ್ಲ, ಒಳಗೆ ಗಾಳಿ ಕೆಟ್ಟರೆ ಆ ಓಗೊಡುವವನೇ ಗತಿ ಎಂದು ನನಗೆ ತಿಳಿಸಿ ಹೇಳಿದವನೂ ನೀನೇ.

ಆ ಕಲ್ಲು ಸಿಕ್ಕಿದ್ದು ಐತಪ್ಪನಿಗೆ. ಕೆಂಪು ಮುರಕಲ್ಲಿನ ಮಧ್ಯೆ, ಕಾಡುಮಾವಿನ ಕಾಯಿಯಷ್ಟು ದೊಡ್ಡದು, ಮೂಲೆಮೂಲೆಯಾಗಿ ಕಡೆದ ಹಾಗೆ, ನೀರಿನ ಹಾಗೆ ತಿಳಿ. ಎತ್ತಿದರೆ ಕಬ್ಬಿಣದ ಭಾರ. ಬಿಸಿಲಲ್ಲಿಟ್ಟರೂ ತಣ್ಣಗೆ. "ತಕ್ಕೊಳ್ಳಿ ಅಕ್ಕ, ನಿಮಗೆ ಆಡ್ಲಿಕ್ಕೆ ಆಯ್ತು" ಎಂದು ನಗುತ್ತ ಕೊಟ್ಟ. ಆಡುವ ವಯಸ್ಸೇ ನನ್ನದು.

ಅದರ ಗುಣ ಕಂಡುಕೊಂಡವಳು ನಾನೊಬ್ಬಳೇ. ಹತ್ತಿರದಲ್ಲಿ ದೊಡ್ಡದಾಗಿ ಕೂಗಿದರೆ ಅದು ಆ ಕೂಗನ್ನು ಒಳಗೆ ತೆಗೆದುಕೊಂಡು ಅಕ್ಕಿ ತೊಳೆದ ನೀರಿನ ಹಾಗೆ ಬೆಳ್ಳಗೆ ಕಲಕುತ್ತಿತ್ತು. ಆಮೇಲೆ — ವೀಳ್ಯ ಜಗಿದು ಉಗುಳುವಷ್ಟರಲ್ಲಿ, ಕೆಲವೊಮ್ಮೆ ಬೆಳಗಿನದ್ದು ಸಂಜೆಗೆ — ಅದೇ ದನಿಯನ್ನು, ಆದರೆ ಸಪೂರವಾಗಿ, ಗೋಡೆಯಾಚೆಯಿಂದ ಬಂದಂತೆ, ಒಂದೇ ಒಂದು ಸಲ ಹಿಂದೆ ಕೊಟ್ಟು ತಿಳಿಯಾಗುತ್ತಿತ್ತು. ನಾನು ಅದಕ್ಕೆ ನನ್ನ ತವರಿನ ಅರೆಭಾಷೆಯಲ್ಲಿ ಕೂಗು ಹಾಕುತ್ತಿದ್ದೆ. ಆ ಮನೆಯಲ್ಲಿ ನನ್ನ ಭಾಷೆ ಮಾತಾಡುತ್ತಿದ್ದದ್ದು ಆ ಕಲ್ಲು ಮಾತ್ರ. ಯಾರಿಗೂ ಹೇಳಲಿಲ್ಲ, ಸೊಂಟಕ್ಕೆ ಸಿಕ್ಕಿಸಿಕೊಂಡೇ ತಿರುಗುತ್ತಿದ್ದೆ.

ಆ ದಿನ ನೀನು ಬಂದು ಕರೆದೆ. "ಅಕ್ಕ, ಒಂದು ಪಿಕ್ಕಾಸಿನ ಮೊನೆ ಹೋಗಿದೆ, ಆಚಾರಿಯಲ್ಲಿ ಹದ ಮಾಡಿಸಿ ಬರ್ತೇನೆ. ನೀವು ಇಲ್ಲಿ ಕೂತ್ಕೊಳ್ಳಿ. ಭಾವ ಕರೆದ್ರೆ ಓ ಹೇಳಿ. ಬಿಡದೆ ಕರೆದ್ರೆ ಮಾತ್ರ ಜನರನ್ನು ಕೂಗಿ ಕರೀಬೇಕು, ಆಯ್ತಾ?"

ಆಯ್ತು ಎಂದೆ. ಮೊದಮೊದಲು ಸರಿಯಾಗಿಯೇ ಓಗೊಟ್ಟೆ. ಕಲ್ಲನ್ನು ಮಡಿಲಿಗಿಟ್ಟುಕೊಂಡಿದ್ದೆ, ಅದು ಐತಪ್ಪನ ಕರೆಯನ್ನು ನುಂಗಿ ಕಲಕಿತು. ನನಗೆ ನಗು. ಇನ್ನು ಇದು ಯಾವಾಗ ಐತಪ್ಪನ ಹಾಗೆ ಕೂಗುತ್ತದೋ ಎಂದು ಕಾಯುತ್ತ ಕೂತೆ.

ಆಗ ಬಂತು 'ಓ'. ಸಪೂರ ದನಿ, ಗೋಡೆಯಾಚೆಯಿಂದ ಬಂದಂತೆ. ಕಲ್ಲು ಎಂದುಕೊಂಡೆ. ಕಲ್ಲಿಗೆ ಯಾರಾದರೂ ಓಗೊಡುತ್ತಾರೆಯೇ? ಮತ್ತೊಮ್ಮೆ ಬಂತು. ಆಗಲೂ ನಕ್ಕೆ, ಬಾಬು — ನಕ್ಕೆ. ಮೂರನೆಯ ಸಲ ಬಂದಾಗ ಮಡಿಲು ನೋಡಿದೆ. ಕಲ್ಲು ಕಲಕಿಕೊಂಡೇ ಇತ್ತು. ಅದರಿಂದ ಏನೂ ಹೊರಗೆ ಬಂದಿರಲಿಲ್ಲ.

ಇಲ್ಲಿಗೆ ನಿಲ್ಲಿಸಿದರೆ ಇದು ಒಂದು ತಪ್ಪು ತಿಳಿವಳಿಕೆ ಅಷ್ಟೆ. ಯಾರಾದರೂ ಪಾಪ ಎಂದಾರು. ಆದರೆ ನಾನು ಆಗಲೂ ಏಳಲಿಲ್ಲ. ಇನ್ನೊಂದು ಸಲ ಕರೆಯಲಿ, ಆಮೇಲೆ ನೋಡೋಣ ಎಂದು ಕಾದೆ. ಜನರನ್ನು ಕೂಗಿ ಕರೆದು, ಏನೂ ಆಗಿರದೆ, ಅತ್ತೆಯ ಬಾಯಿಗೆ ಬಿದ್ದರೆ ಎಂದು — ಅಷ್ಟಕ್ಕೆ. ಇನ್ನೊಂದು ಕರೆ ಬರಲೇ ಇಲ್ಲ. ಬಾರದೇ ಹೋದಾಗ ಹೆದರಿ ಎದ್ದೆ. ಕೆಳಗಿನಿಂದ ನೀನು ಬರುವ ಸದ್ದು ಕೇಳಿ ದನದ ಹಟ್ಟಿಯೊಳಗೆ ಅಡಗಿದೆ. ನೀನು ಬಂದು ನೋಡಿದಾಗ ಸುರಂಗದ ಬಾಯಿ ಖಾಲಿ.

ಗಾಳಿ ಕೆಟ್ಟು ಒಳಗಿನ ದೀಪ ಆರಿತ್ತು. ಐತಪ್ಪ ತೆವಳಿಕೊಂಡು ಬರುತ್ತ ಬಾಯಿಯ ಹತ್ತಿರವೇ ಬಿದ್ದಿದ್ದನಂತೆ. ಎರಡು ಮಾರು ಒಳಗೆ ಹೋಗಿ ಕೈ ಚಾಚಿದ್ದರೆ ನನಗೇ ಸಿಗುತ್ತಿದ್ದ.

ಅಂಗಳದಲ್ಲಿ ಮಾವ ಕೇಳಿದರು, "ಬಾಬು ನಿನ್ನನ್ನು ಕೂರಿಸಿದ್ದು ಹೌದಾ?" ನಾನು, "ಇಲ್ಲ. ನನಗೆ ಯಾರೂ ಹೇಳಲಿಲ್ಲ" ಎಂದೆ. ನೀನು ನನ್ನ ಮುಖ ನೋಡಿದೆ. ಕೂಗಾಡುತ್ತೀ ಎಂದುಕೊಂಡಿದ್ದೆ. ನೀನು ಒಮ್ಮೆ ಹೇಳಿದ್ದನ್ನು ಎರಡನೆಯ ಸಲ ಹೇಳಲಿಲ್ಲ.

ಸಂಜೆ ಹೆಣವನ್ನು ಅಂಗಳದಲ್ಲಿಟ್ಟು ಸುಂದರಿ ಅಳುತ್ತಿದ್ದಾಗ ನನ್ನ ಸೊಂಟದಿಂದ ಐತಪ್ಪ ಕರೆದ. 'ಓ.' ಸಪೂರವಾದರೂ ಬೆಳಗಿನ, ಆರೋಗ್ಯದ ದನಿ. ಸುಂದರಿ ಥಟ್ಟನೆ ತಲೆಯೆತ್ತಿ, "ಅವರು ಕರೆದ್ರು" ಎಂದಳು. ನಾನು ಅವಳ ಬೆನ್ನು ಸವರಿ, "ಯಾರೂ ಕರೆಯಲಿಲ್ಲ ಸುಂದರಿ" ಎಂದೆ. ಮೊದಲ ಸುಳ್ಳಿಗಿಂತ ಈ ಎರಡನೆಯದು ನನ್ನನ್ನು ಹೆಚ್ಚು ಹಿಂಡಿದೆ. ಸುರಂಗವನ್ನು ಕಲ್ಲಿಟ್ಟು ಮುಚ್ಚುವ ಮೊದಲು ಸೊಂಟದ ಆ ಕಲ್ಲನ್ನು ಒಳಗೆ ಎಸೆದೆ. ಎಸೆದು ಏನು ಪ್ರಯೋಜನ — ಈಗಲೂ ಒಲೆಯ ಮುಂದೆ, ಬಚ್ಚಲಲ್ಲಿ, ಬಸ್ಸಿನಲ್ಲಿ ಕೂತಾಗಲೂ ಆ ಸಪೂರ ಓ ಕೇಳುತ್ತದೆ. ನಾನು ಓಗೊಡುತ್ತೇನೆ. ಮನೆಯವರು ಯಾರಿಗೆ ಎಂದು ಕೇಳುತ್ತಾರೆ.

ಸುರಂಗದ ಬಾಯಿ ಬಿಟ್ಟು ಹೋದವನು ಎಂದು ನಿನ್ನನ್ನು ಯಾವ ಸುರಂಗಕ್ಕೂ ಯಾರೂ ಕರೆಯಲಿಲ್ಲ. ನೀನು ಸುಳ್ಯದ ರಬ್ಬರ್ ತೋಟಕ್ಕೆ ಹೋದೆ. ನಿನ್ನ ಅಕ್ಕ ನಿನ್ನ ಹೆಸರೆತ್ತುವುದನ್ನೇ ಬಿಟ್ಟಳು. ಕಮಲಳ ಧಾರೆಗೆ ಸೋದರಮಾವನ ಜಾಗದಲ್ಲಿ ಪೆರಾಬೆ ಊರಿನ ಯಾರನ್ನೋ ನಿಲ್ಲಿಸುತ್ತೇವೆ ಎಂದು ಮೊನ್ನೆ ಸುಂದರಿ ಹೇಳಿದಾಗ ನನಗೆ ಕೂತಲ್ಲಿ ಕೂರಲಾಗಲಿಲ್ಲ.

ನಿನ್ನೆ ಅವಳ ಮನೆಗೆ ಹೋಗಿ ಎಲ್ಲ ಹೇಳಿದೆ. ಅವಳು ಅಕ್ಕಿ ಕೇರುತ್ತಿದ್ದಳು. ಗೆರಸೆ ಕೆಳಗಿಟ್ಟಳು. ಬೈಯಲಿ ಎಂದು ಕಾದೆ, ಹೊಡೆಯಲಿ ಎಂದೂ.

"ಅವರು ಎಷ್ಟು ಸಲ ಕರೆದ್ರು ಅಕ್ಕ?" ಎಂದು ಕೇಳಿದಳು.

"ಮೂರು ಸಲ" ಎಂದೆ.

ಅವಳು ಗೆರಸೆಯ ಅಕ್ಕಿಯನ್ನು ಮಡಕೆಗೆ ಸುರಿದಳು. ಆಮೇಲೆ, "ನಾಳೆ ಬೆಳಿಗ್ಗಿನ ಬಸ್ಸಿಗೆ ಸುಳ್ಯಕ್ಕೆ ಹೋಗ್ತೇನೆ. ಬಾಬುವನ್ನು ಕರೀಬೇಕು" ಎಂದಳು. ನಾನೂ ಜೊತೆಗೆ ಬರಲಾ ಎಂದು ಕೇಳಿದೆ.

ಬೇಡ ಎಂದಳು.