ಒಲೆ ಸಿಗದ ಮನೆಯ ಪರವಾಗಿ

ಮೇ ತಿಂಗಳ ಈ ಬೆಳಗ್ಗೆ ಲಿಮ್‌ಫ್ಯೋರ್ಡ್ ಎಂಬ ಕಡಲ ಹಿನ್ನೀರಿನ ಕಡೆಯಿಂದ ಮಂಜು ಎದ್ದು ಹೊಲವನ್ನೆಲ್ಲ ಮುಚ್ಚಿದೆ. ಚರ್ಚಿನ ಗಂಟೆ ಕೇಳುತ್ತದೆ, ಗೋಪುರ ಕಾಣುವುದಿಲ್ಲ. ಆ ಬಿಳುಪಿನೊಳಗೆ ಟಾಗೆ ಬ್ರೋಗಾರ್ಡ್ ಮಣ್ಣು ತೆಗೆಯುವ ಯಂತ್ರವನ್ನು ಹಿಂದಕ್ಕೆ ನಡೆಸುತ್ತ, ಹಲ್ಲಿಲ್ಲದ ಬಕೆಟ್ಟಿನಿಂದ ಕೆನೆ ತೆಗೆದಂತೆ ಮೇಲ್ಮಣ್ಣು ಎತ್ತುತ್ತಿದ್ದಾರೆ.

ಒಮ್ಮೆಗೆ ಎರಡು ಬೆರಳು ದಪ್ಪ, ಅಷ್ಟೇ. ಕೈ ತುಸು ಜಾರಿದರೂ ಸಾವಿರದ ಐನೂರು ವರ್ಷದ ಮನೆ ಅಳಿಸಿಹೋಗುತ್ತದೆ. ಗೋಡೆಯಿಲ್ಲ, ಸೂರಿಲ್ಲ, ಕಂಬಗಳು ಕೊಳೆತಲ್ಲಿ ಹಳದಿ ಮರಳಿನ ಮೇಲೆ ತಟ್ಟೆಯಗಲದ ಕಪ್ಪು ಕಲೆಗಳು ಮಾತ್ರ ಉಳಿದಿವೆ. ಅರವತ್ತೆರಡರ ಟಾಗೆ ಮೂವತ್ತೆಂಟು ವರ್ಷಗಳಲ್ಲಿ ಇಂಥ ನಾನೂರ ಹನ್ನೊಂದು ಮನೆಗಳನ್ನು ಬೆಳಕಿಗೆ ತಂದಿದ್ದಾರೆ. ಉತ್ಖನನದ ವರದಿಗಳಲ್ಲಿ ಅವರ ಹೆಸರಿಲ್ಲ. 'ಯಂತ್ರದಿಂದ ಮೇಲ್ಮಣ್ಣು ತೆಗೆಯಲಾಯಿತು' ಎಂಬ ಸಾಲಿರುತ್ತದೆ.

ಇಲ್ಲಿ ಉದ್ದನೆಯ ದೊಡ್ಡಮನೆ ಸಿಕ್ಕಿ ವಾರವಾಯಿತು. ಪಡುವಲಲ್ಲಿ ಜನ, ಮೂಡಲಲ್ಲಿ ದನ, ಒಂದೇ ಸೂರು. ಟಾಗೆಯ ಕಣ್ಣು ಮಾತ್ರ ಅದರ ಹಿಂದೆ, ಮುದುಕಿ ದಗ್ನಿಯ ಬೀಟ್ ಗೆಡ್ಡೆ ಹೊಲದಂಚಿನ ಕಲೆಗಳ ಮೇಲಿದೆ.

"ನಿನ್ನ ಕಣ್ಣಿಗೆ ಇಲಿಬಿಲವೂ ಮನೆ ಕಣಯ್ಯ!" ಎಂದು ಉತ್ಖನನದ ಮುಖ್ಯಸ್ಥೆ ವಿಬೆಕೆ ನಗುತ್ತಾರೆ.

"ಇಲಿ ಅಳತೆಕೋಲು ಹಿಡ್ಕೊಂಡು ಬಿಲ ತೋಡುತ್ತೇನಮ್ಮಾ?"

ಮತ್ತೆರಡು ಗೀರಿಗೆ ಕಲೆಗಳು ಎಂಟಾಗಿ, ಸಣ್ಣದೊಂದು ಕಟ್ಟಡದ ಆಕಾರ ಮೂಡುತ್ತದೆ. ಟಾಗೆ ಎಂಜಿನ್ ನಿಲ್ಲಿಸಿ ಇಳಿಯುತ್ತಾರೆ. ಗೋಡೆಯಿದ್ದ ಗೆರೆಯನ್ನು ದಾಟುವುದಿಲ್ಲ, ಬಾಗಿಲಿದ್ದಿರಬಹುದಾದ ಸಂದಿನಿಂದಲೇ ಒಳಗೆ ಹೋಗುತ್ತಾರೆ.

ಇದು ಆಳುಗಳು ಬಾಳಿದ ಮನೆಯೋ, ಬರೀ ಕೊಟ್ಟಿಗೆಯೋ? ಒಲೆ ಸಿಕ್ಕರೆ ಮನೆ. ಆದರೆ ಶತಮಾನಗಳ ಉಳುಮೆ ಹಳೆಯ ನೆಲವನ್ನೇ ಸವೆಸಿದೆ. ನಾಳೆ ಎಲ್ಲವನ್ನೂ ಮುಚ್ಚಬೇಕು. ಸಂಜೆಯೊಳಗೆ ನಕ್ಷೆಯಲ್ಲಿ ಒಂದು ಪದ ಬರೆಯಬೇಕು.

"ನಮ್ಮಜ್ಜಿ ಇಂಥ ಆಳುಮನೇಲೇ ಹುಟ್ಟಿದ್ದು," ರೈ ಬ್ರೆಡ್ ಮುರಿಯುತ್ತ ಟಾಗೆ ಹೇಳುತ್ತಾರೆ. "ಅವಳ ಧಣಿ ಮನೆ ಫೋಟೋ ಈಗಲೂ ಊರ ಸಭಾಂಗಣದಲ್ಲಿದೆ. ಅಜ್ಜಿ ಮನೆ ಕೆಡವಿ ಬೀಟ್ ಹಾಕಿದ್ರು. ಇಲ್ಲಿದ್ದೋರನ್ನಾದ್ರೂ ದನ ಅಂತ ಬರೀಬೇಡಿ ಅಂತೀನಿ, ಅಷ್ಟೇ."

"ಆಸೇನ ನಕ್ಷೇಲಿ ಬರಿಯಕ್ಕಾಗಲ್ಲ, ಟಾಗೆ."

ಬೇಲಿ ಹಿಡಿದು ನಿಂತ ದಗ್ನಿಗೂ ಇದೆಲ್ಲ ಕೇಳಿಸಿದೆ.

"ಚಿನ್ನ ಸಿಕ್ರೆ ನಿಂಗೂ ಪಾಲು ಕೊಡ್ತೀನಿ, ಬಾ ದಗ್ನಿ," ಎಂದು ಟಾಗೆ ಕರೆಯುತ್ತಾರೆ.

"ನನ್ನ ಬೀಟ್ ಸಾಲು ತುಳೀದಿದ್ರೆ ಸಾಕು, ಹೋಗೋ!" ಎಂದವರು ಯಾಕೋ ಬೇಗನೆ ಮನೆ ಕಡೆ ತಿರುಗುತ್ತಾರೆ.

ಮಣ್ಣು ಧಣಿಯ ಕಂಬವನ್ನೂ ಆಳಿನ ಕಂಬವನ್ನೂ ಒಂದೇ ಕಪ್ಪಿನಲ್ಲಿ ಕಾಪಾಡಿದೆ. ದೇವರ ನೋಟವೂ ಹಾಗೇ ಇದ್ದೀತು. ಮನುಷ್ಯರ ನಕ್ಷೆಗೆ ಪುರಾವೆ ಬೇಕು. ಸಂಜೆಯಾದರೂ ಒಲೆ ಸಿಗುವುದಿಲ್ಲ. ವಿಬೆಕೆ ಪೆನ್ಸಿಲಿನಲ್ಲಿ 'ಕೊಟ್ಟಿಗೆ' ಎಂದು ಬರೆಯುತ್ತಾರೆ.

ಅಷ್ಟರಲ್ಲಿ ದಗ್ನಿ ಮರಳಿ ಬಂದು ಅಡುಗೆಮನೆಯ ಬಟ್ಟೆಯ ಗಂಟು ಬಿಚ್ಚುತ್ತಾರೆ. ಒಳಗೆ ನಡುವೆ ತೂತಿರುವ, ಮುಷ್ಟಿಗಾತ್ರದ ಮೂರು ಸುಟ್ಟ ಮಣ್ಣಿನ ಬಿಲ್ಲೆಗಳು. ನಿಲುವು ಮಗ್ಗದಲ್ಲಿ ನೂಲು ಬಿಗಿಯಾಗಲೆಂದು ಕಟ್ಟುತ್ತಿದ್ದ ತೂಕಗಳು.

"ಈ ಮೂಲೇಲೇ ಅಪ್ಪನ ನೇಗಿಲಿಗೆ ಸಿಕ್ಕಿದ್ದು. ಹೇಳಿದ್ರೆ ಹೊಲ ಅಗೀತಾರೆ ಅಂತ ಹೆದ್ರಿ, ಐವತ್ತು ವರ್ಷ ಬಾಗಿಲು ಮುಚ್ಕೊಳ್ದಂಗೆ ಅಡ್ಡ ಇಟ್ಕೊಂಡಿದ್ದೆ. ದನ ಮಗ್ಗದಲ್ಲಿ ಬಟ್ಟೆ ನೇಯಲ್ಲ, ಅಲ್ವಾ ವಿಬೆಕೆ?"

ವಿಬೆಕೆ ಬರೆದ ಪದವನ್ನು ಅಳಿಸುತ್ತಾರೆ. ದಗ್ನಿ ಒಂದೊಂದಾಗಿ ಮೂರನ್ನೂ ಟಾಗೆಯ ಅಂಗೈಯಲ್ಲಿಡುತ್ತಾರೆ.