ಎದುರುಮನೆಯ ತಾಷ್ಕೆಂಟ್ ಅಕ್ಕ

ಮೊನ್ನೆ ವಿದ್ಯಾನಗರದ ಪಶು ಆಹಾರದ ಅಂಗಡಿ ದಾಟುವಾಗ ಹತ್ತಿಕಾಳಿನ ಹಿಂಡಿಯ ವಾಸನೆ ಬಂತು. ಭದ್ರಾವತಿಯ ಕ್ವಾರ್ಟರ್ಸಿನಲ್ಲಿ ನಮ್ಮ ಎದುರುಮನೆಯ ಅಕ್ಕನ ಅಡುಗೆಮನೆಯಲ್ಲೂ ಇದೇ ವಾಸನೆ. ಹತ್ತಿಬೀಜದ ಎಣ್ಣೆ ಎಲ್ಲಿಂದಲೋ ತರಿಸಿ, ಕ್ಯಾರೆಟ್ ಹುರಿದು ಅನ್ನ ಮಾಡುತ್ತಿದ್ದರು. ಅವರದು ತಾಷ್ಕೆಂಟ್. ತರಬೇತಿಗೆಂದು ಅಲ್ಲಿಗೆ ಹೋಗಿದ್ದ ಕಾರ್ಖಾನೆಯ ಎಂಜಿನಿಯರೊಬ್ಬರು ಮದುವೆಯಾಗಿ ಕರೆತಂದಿದ್ದರು.

ತೊಂಬತ್ತರ ದಶಕದ ಆರಂಭದಲ್ಲಿ ನಾನು ಹೊಸ ಸೊಸೆಯಾಗಿ ಬಂದಾಗ ಅವರಿಗೆ ಐವತ್ತರ ಆಸುಪಾಸು. ರಸ್ತೆಯಲ್ಲಿ ಜೀಪು ನಿಂತರೆ ಸಾಕು, ಹಾಡುಹಗಲೇ ಬಾಗಿಲು ಹಾಕಿಕೊಳ್ಳುತ್ತಿದ್ದರು. ಯಾಕೆಂದು ತಿಳಿಯಲು ನನಗೆ ಬಹಳ ಕಾಲ ಹಿಡಿಯಿತು.

ಅಕ್ಕ ಸೋವಿಯತ್ ಕಾಲದ ಸಿನಿಮಾ ನಟಿ. ಹತ್ತಿ ಬಿಡಿಸುತ್ತಿದ್ದ ಅಕ್ಕನನ್ನು ನಿರ್ದೇಶಕರೊಬ್ಬರು ಹೊಲದಿಂದಲೇ ಸ್ಟುಡಿಯೋಗೆ ಕರೆದೊಯ್ದಿದ್ದರಂತೆ. ಮುಖಪರದೆ ಕಿತ್ತೆಸೆಯುವ ಹುಡುಗಿಯ ಪಾತ್ರ ಮಾಡಿದಾಗ ಸ್ವಂತ ಚಿಕ್ಕಪ್ಪನೇ ಚಾಕು ತೋರಿಸಿದ್ದನಂತೆ. ಅದಕ್ಕೆ ಅವರು ಹೆದರಲಿಲ್ಲ. ಊರೂರಲ್ಲಿ ಅವರ ಪೋಸ್ಟರುಗಳಿದ್ದವು. ಕೊನೆಯ ಚಿತ್ರದ ಕಥೆ, ಹತ್ತಿಗೆ ಹೊಡೆದ ವಿಷದಿಂದ ಸಾಯುವ ಮಕ್ಕಳದು. ಬಿಡುಗಡೆಗೆ ಮೊದಲೇ ಸರ್ಕಾರದ ಪೊಲೀಸರು ರೀಲುಗಳನ್ನು ಹೊತ್ತೊಯ್ದರು. ಅದನ್ನು ತೆಗೆದ ಅದೇ ನಿರ್ದೇಶಕರನ್ನು ಅಕ್ಕನ ಕಣ್ಣೆದುರೇ ಜೀಪು ಹತ್ತಿಸಿದರು. ಅವರ ವಿರುದ್ಧ ಸಹಿ ಹಾಕೆಂದು ಅಕ್ಕನನ್ನೂ ಠಾಣೆಯಲ್ಲಿ ಕೂರಿಸಿಕೊಂಡರು. ಅಕ್ಕ ಹಾಕಲಿಲ್ಲ. ಆಮೇಲೆ ಪಾತ್ರಗಳೇ ಬರಲಿಲ್ಲ. ಹಿಂದಿ ಚಿತ್ರಗಳ ನಾಯಕಿಯರಿಗೆ ತಮ್ಮ ಭಾಷೆಯಲ್ಲಿ ದನಿ ಕೊಡುವ ಕೆಲಸವಷ್ಟೇ ಉಳಿಯಿತು, ಅದೂ ಹೆಸರಿಲ್ಲದೆ...

ಒಂದು ಮಧ್ಯಾಹ್ನ ಅಕ್ಕ ಬರಿಗಾಲಲ್ಲಿ ನಮ್ಮ ಹಿತ್ತಿಲ ಬಾಗಿಲಿಗೆ ಓಡಿಬಂದರು.

"ಬಂದ್ರು, ಮಾರಾಯ್ತಿ. ಅವರು ಬಂದ್ರು."

ಎದುರುಮನೆಯ ಮುಂದೆ ಪೊಲೀಸ್ ಜೀಪು. ಅಕ್ಕನ ಗಂಡ ಕೆಲಸದ ಮೇಲೆ ಮಾಚೇನಹಳ್ಳಿಗೆ ಹೋಗಿದ್ದರು. ಆ ಮನೆಯಲ್ಲಿ ಯಾರೂ ಇಲ್ಲವೆಂದು ಪೊಲೀಸಿನವರು ನಮ್ಮ ಬಾಗಿಲು ತಟ್ಟಿದರು.

"ಎದುರುಮನೆ ಫಾರಿನ್ ಅಮ್ಮ ಎಲ್ಲಿ?"

"ಗೊತ್ತಿಲ್ಲ ಸಾರ್," ಎಂದೆ. ಅಡುಗೆಮನೆಯ ಕತ್ತಲಲ್ಲಿ ಅಕ್ಕನ ಬಳೆ ನಡುಗುವುದು ನನಗೆ ಕೇಳುತ್ತಿತ್ತು. ಪೊಲೀಸಿನವರಿಗೂ ಕೇಳಿದರೆ?

ಬಳೆಯ ಸದ್ದು ನಿಂತಿತು. ಅಕ್ಕ ಸೆರಗು ಸರಿಮಾಡಿಕೊಂಡು ಹೊರಗೆ ಬಂದರು. ಕತ್ತು ನೆಟ್ಟಗಿತ್ತು, ಮುಖದಲ್ಲಿ ಸಣ್ಣ ನಗು. ಅಷ್ಟು ಚೆಂದದ ಹೆಂಗಸನ್ನು ನಾನು ಅಲ್ಲಿಯವರೆಗೆ ನೋಡಿರಲಿಲ್ಲ.

"ನಾನೇ. ಎಲ್ಲಿಗೆ ಬರ್ಬೇಕು, ಹೇಳಿ."

ಪೊಲೀಸಿನವರೇ ಗಲಿಬಿಲಿಗೊಂಡರು. "ಎಲ್ಲಿಗೂ ಬೇಡ ಅಮ್ಮ. ನಿಮ್ ಹಳೇ ದೇಶ ಈಗ ಇಲ್ವಲ್ಲ, ಪಾಸ್‌ಪೋರ್ಟ್ ಹೊಸದು ಮಾಡಿಸ್ಬೇಕಂತೆ. ಯಜಮಾನ್ರ ಜೊತೆ ಬಂದು ಒಂದು ಸೈನ್ ಹಾಕಿ."

ಅಕ್ಕ ನಗುತ್ತಲೇ ತಲೆಯಾಡಿಸಿದರು. ಜೀಪು ತಿರುವು ದಾಟುವವರೆಗೆ ನಿಂತಿದ್ದು, ಆಮೇಲೆ ನನ್ನ ಮೈಮೇಲೇ ಕುಸಿದರು. ಸೈನ್ ಅನ್ನುವ ಮಾತನ್ನು ಅವರ ಮುಂದೆಯೇ ಆಡಬೇಕಿತ್ತೇ? ಗಂಡ ಸಮಾಧಾನ ಮಾಡಿ ಕರೆದೊಯ್ದು ಆ ಕೆಲಸ ಮುಗಿಸಿಕೊಂಡು ಬಂದರು. ಆದರೂ ಆಮೇಲೆ ಅಕ್ಕ ಅಂಗಳಕ್ಕೂ ಇಳಿಯುವುದು ಅಪರೂಪವಾಯಿತು.

ಕೆಲವು ವರ್ಷಗಳ ನಂತರ ಜ್ವರ ತಲೆಗೇರಿ ಮಲಗಿದಾಗ ಕನ್ನಡವೂ ರಷ್ಯನ್ನೂ ಅವರ ಬಾಯಿಂದ ಹೋಗಿಬಿಟ್ಟವು. ಹುಟ್ಟುಭಾಷೆ ಉಜ್ಬೆಕ್ ಮಾತ್ರ ಉಳಿಯಿತು. ಅದು ಗಂಡನಿಗೂ ಬರುತ್ತಿರಲಿಲ್ಲ. ಬಾಗಿಲ ಕಡೆ ನೋಡುತ್ತಾ, ನನ್ನ ಕೈ ಬಿಗಿಯಾಗಿ ಹಿಡಿದು, ಒಂದೇ ಮಾತನ್ನು ಮತ್ತೆ ಮತ್ತೆ ಹೇಳಿದರು. ಯಾರು ಬಂದರೆಂದು ಹೆದರಿದ್ದರೋ, ಯಾವ ಚಿತ್ರದ ಮಾತೋ... ನಾನು "ಹೂಂ ಅಕ್ಕ, ಹೂಂ" ಎನ್ನುತ್ತಾ ಕೂತಿದ್ದೆ. ಮರುದಿನ ಹೋಗಿಬಿಟ್ಟರು.

ಆ ಮಾತಿನ ದನಿ ಇವತ್ತಿಗೂ ನನ್ನ ಕಿವಿಯಲ್ಲಿದೆ. ಅರ್ಥ ಕೇಳೋಣವೆಂದರೆ ಈ ಊರಲ್ಲಿ ಯಾರಿದ್ದಾರೆ?