ಲಗಮಣ್ಣನ ಬಲಗಣ್ಣು

ನಾಗನೂರಿನ ಹೊಲದಲ್ಲಿ ಸೂರ್ಯ ಇನ್ನೂ ಪೂರ್ತಿ ಮೂಡಿಲ್ಲ. ಕುರಿಹಟ್ಟಿಯ ಬಾಜೂ ಮಂಡಿಯೂರಿ ಕುಳಿತ ಛಾಯಾಗ್ರಾಹಕ ಲಗಮಣ್ಣ ಕ್ಯಾಮೆರಾಗೆ ಬಲಗಣ್ಣು ಹಚ್ಚಿದ್ದಾರೆ. "ಯಾರೂ ಅಳ್ಳಾಡಬ್ಯಾಡ್ರಿ, ಕುರಿಗೂ ಹೇಳ್ರಿ!" ಎನ್ನುತ್ತಾರೆ. ಎಲ್ಲರೂ ನಗುತ್ತಾರೆ, ನಿರ್ದೇಶಕಿ ವಿಜಯಶ್ರೀ ಒಬ್ಬರನ್ನು ಬಿಟ್ಟು. ಆ ಕಣ್ಣಿನ ಪೊರೆ ತೆಗೆಸಿಕೊಂಡು ಆರು ವಾರದ ಮೇಲೆ ಲಗಮಣ್ಣ ತೆಗೆಯುತ್ತಿರುವ ಮೊದಲ ಶಾಟ್ ಇದು. ಸರಿಬಂದರೆ ಸಿನಿಮಾ ಅವರ ಕೈಯಲ್ಲೇ ಉಳಿಯುತ್ತದೆ, ಇಲ್ಲವಾದರೆ ಬೇರೆಯವರು ಬರಬೇಕು. ಈ ಷರತ್ತು ಹಾಕಿದ್ದು ಸ್ವತಃ ಲಗಮಣ್ಣನವರೇ.

ಮೇಲವಂಕಿಯ ಈ ಮನುಷ್ಯನಿಗೆ ಐವತ್ತೊಂಬತ್ತು. ಮೂಡಲಗಿಯಲ್ಲಿ ಮದುವೆ ವಿಡಿಯೊ ತೆಗೆಯುತ್ತ ಶುರುಮಾಡಿದವರು. ಬೆಂಗಳೂರಿನಲ್ಲಿ ಹನ್ನೊಂದು ವರ್ಷ ಸಹಾಯಕರಾಗಿ ದುಡಿದು, ಆಮೇಲೆ ಹದಿನಾಲ್ಕು ಸಿನಿಮಾಗಳಿಗೆ ತಾವೇ ಕ್ಯಾಮೆರಾ ಹಿಡಿದರು. ಹೊಡೆದಾಟ, ಭಕ್ತಿ, ಹಾಸ್ಯ, ಕಬ್ಬು ಕಡಿಯುವವರ ಸಾಕ್ಷ್ಯಚಿತ್ರ, ಯಾವುದಕ್ಕೂ ಒಲ್ಲೆ ಎಂದವರಲ್ಲ. ಲಾರಿ ಬೆನ್ನಟ್ಟುವ ಒಂದು ದೃಶ್ಯಕ್ಕಾಗಿ ಹತ್ತರಗಿ ಹೆದ್ದಾರಿಯಲ್ಲಿ ಜೀಪಿನ ಮುಂಭಾಗಕ್ಕೆ ಹಗ್ಗದಿಂದ ಕಟ್ಟಿಸಿಕೊಂಡು ಹೋದ ಮಾರಾಯ! ದೃಶ್ಯ ಊರೂರಿಗೆ ಗೊತ್ತು, ತೆಗೆದವರ ಹೆಸರು ಗೋಕಾಕದಲ್ಲೇ ಗೊತ್ತಿಲ್ಲ. ಅವರ ಬಗ್ಗೆ ಬರೆಯಲು ಬಂದ ನನಗೆ ಸಿಟ್ಟು ಬರುತ್ತದೆ, ಅವರಿಗೆ ಬರುವುದಿಲ್ಲ.

ಎಡವಟ್ಟಾಗಿದ್ದು ಕುರುಬರ ಬದುಕಿನ ಈ ಸಿನಿಮಾದಲ್ಲೇ. ಬೀರದೇವರ ಮುಂದೆ ಭಂಡಾರ, ಅಂದರೆ ಅರಿಸಿನ ಪುಡಿ, ಹಾರಿಸುವ ದೃಶ್ಯ. ಲಗಮಣ್ಣನಿಗೆ ಎಲ್ಲವೂ ಅತಿಯಾಗಿ ಹಳದಿ ಕಂಡಿತು. ಕ್ಯಾಮೆರಾದಲ್ಲಿ ಹಳದಿ ಇಳಿಸಿದರು, ಮತ್ತೂ ಇಳಿಸಿದರು. ದೊಡ್ಡವರು ಮಾಡಿದ್ದಾರೆಂದರೆ ಹೊಸ ಸ್ಟೈಲೇ ಇರಬೇಕೆಂದು ಉಳಿದವರು ಬಾಯಿ ಮುಚ್ಚಿಕೊಂಡರು. ಸುಮ್ಮನಿರದವರು ಯಲ್ಲಕ್ಕ ಮಾತ್ರ. ಈ ಕುರುಬರಾಕೆಗೆ ಸಿನಿಮಾದಲ್ಲಿ ತಾಯಿಯ ಪಾತ್ರ. ಮಾನಿಟರ್ ನೋಡಿದವರೇ, "ಯಪ್ಪಾ, ನಮ್ಮ ದೇವರ ಭಂಡಾರಕ್ಕ ಗೊಂಜಾಳ ಹಿಟ್ಟು ಯಾಂವ ಕಲಸ್ಯಾನ?" ಎಂದರು. ಭಂಡಾರ ಮೆಕ್ಕೆಜೋಳದ ಹಿಟ್ಟಿನಂತೆ ಬಿಳಿಚಿಕೊಂಡಿತ್ತು.

"ಕ್ಯಾಮೆರಾ ನಾ ಹಿಡದೇನೋ, ನೀ ಹಿಡದೀಯೋ?" ಎಂದು ಲಗಮಣ್ಣ ರೇಗಿದರು. ಯಲ್ಲಕ್ಕ ಜಗ್ಗಲಿಲ್ಲ. ಲಗಮಣ್ಣನ ಅಂಗೈಗೆ ಚಿಟಿಕೆ ಭಂಡಾರ ಹಾಕಿ, "ಒಂದೊಂದ ಕಣ್ಣು ಮುಚ್ಚಿ ನೋಡು" ಎಂದರು. ಎಡಗಣ್ಣಿಗೆ ಝಗ್ಗನೆ ಹೊಳೆಯುವ ಹಳದಿ. ಬಲಗಣ್ಣಿಗೆ ಕಂದು ತಿರುಗಿದ ಕಡುಹಳದಿ. "ಎದಿ ಧಸಕ್ಕಂತ್ರಿ," ಎನ್ನುತ್ತಾರೆ ಲಗಮಣ್ಣ. "ಜೀವಮಾನೆಲ್ಲಾ ಇದ ಕಣ್ಣ ನಂಬಿದ್ದೆ."

ಗೋಕಾಕದ ಡಾಕ್ಟರರು ಪೊರೆ ಬಂದಿದೆ, ಒಳಗೆ ಹೊಸ ಲೆನ್ಸ್ ಹಾಕಬೇಕು ಎಂದಾಗ ಇವರು ಕ್ಯಾಮೆರಾ ಲೆನ್ಸಿನ ಅಳತೆ ಕೇಳುವಂತೆ ಕೇಳಿದ್ದು, "ಎಷ್ಟ ಮಿಲಿಮೀಟರಿಂದು ಹಾಕ್ತೀರಿ?" ಡಾಕ್ಟರರು ಬಿದ್ದು ಬಿದ್ದು ನಕ್ಕರಂತೆ. "ಇಷ್ಟ ವರ್ಷ ನಾ ಲೆನ್ಸ್ ಬದಲಿ ಮಾಡೀನಿ, ಅವತ್ತ ನಂದ ಬದಲಿ ಮಾಡಿದ್ರು. ಹೊರಗ ನಕ್ಕೆ ಖರೆ, ಒಳಗ ಜೀವ ಹೋಗಿತ್ರಿ."

ಈಗ ಅದೇ ದೃಶ್ಯ ಮತ್ತೆ. ಎಳೆಬಿಸಿಲು ಇಪ್ಪತ್ತು ನಿಮಿಷ ಸಿಕ್ಕರೆ ಪುಣ್ಯ. ಬೀರದೇವರ ಮುಂದೆ ಭಂಡಾರ ಹಾರುತ್ತದೆ, "ಕಟ್" ಬೀಳುತ್ತದೆ. ಲಗಮಣ್ಣ ಮಾನಿಟರ್ ಕಡೆ ತಿರುಗುವುದೇ ಇಲ್ಲ. "ಯಲ್ಲಕ್ಕ, ನೀ ನೋಡಿ ಹೇಳಬೇ," ಎನ್ನುತ್ತಾರೆ.

ಯಲ್ಲಕ್ಕ ಬಗ್ಗಿ ನೋಡುತ್ತಾರೆ. ಸೆರಗು ತಲೆಗೆ ಎಳೆದುಕೊಂಡು, ಮಾನಿಟರಿಗೆ ಬೆರಳು ಮುಟ್ಟಿಸಿ ಹಣೆಗೆ ಒತ್ತಿಕೊಂಡು, ಕೈ ಮುಗಿಯುತ್ತಾರೆ.

ವಿಜಯಶ್ರೀ ಈಗ ನಗತೊಡಗುತ್ತಾರೆ. ಸದ್ಯ, ಬದುಕಿದೆವು! ಲಗಮಣ್ಣ ಮಾತ್ರ ಟವೆಲಿನಿಂದ ಮುಖ ಒರೆಸಿಕೊಳ್ಳುತ್ತ ನನ್ನ ಕಡೆ ತಿರುಗುತ್ತಾರೆ.

"ನನ್ನ ಶಾಟಿಗೆ ಶಿಳ್ಳಿ ಭಾಳ ಬಿದ್ದಾವ್ರಿ. ಕೈ ಮುಗದವರು ಇಲ್ಲೀತನಕ ಯಾರೂ ಇದ್ದಿದ್ದಿಲ್ಲ."